ಹಲ್ಲಿನ ಡಾಕ್ಟರಿಗೆ ಕೋರೆ ಮೂಡಿದ ಭಾನುವಾರ

ನನಗೊಂದು ಕೆಟ್ಟ ಚಟವಿದೆ. ಎದುರಿಗೆ ಯಾರೇ ಬರಲಿ, ಮೊದಲು ಅವರ ಹಲ್ಲು ನೋಡುತ್ತೇನೆ. ಹೆಸರು, ಊರು, ಕುಶಲ ಎಲ್ಲ ಆಮೇಲೆ. ಹಲ್ಲಿನ ಡಾಕ್ಟರಾಗಿ ಇಷ್ಟು ವರ್ಷ ಕಳೆದ ಮೇಲೆ ಇದು ಬಿಟ್ಟು ಹೋಗುವ ಚಟವಲ್ಲ. ಬೆಳಿಗ್ಗೆ ಲಂಡನ್ನಿನ ಅಂಚಿನ ಹೇಸ್‌ನಲ್ಲಿ ಎಲಿಜಬೆತ್ ಲೈನ್ ರೈಲು ಹತ್ತಿ ಸ್ಟ್ರಾಟ್‌ಫರ್ಡ್‌ನ ಕ್ಲಿನಿಕ್ಕಿಗೆ ಹೋಗುವಾಗ ಎದುರು ಸೀಟಿನವರು ಒಮ್ಮೆ ಆಕಳಿಸಿದರೆ ಸಾಕು, ಅವರ ದವಡೆ ಹಲ್ಲಿಗೆ ಯಾರು ಯಾವ ಕಾಲದಲ್ಲಿ ಬೆಳ್ಳಿ ತುಂಬಿರಬಹುದು ಎಂದು ಯೋಚಿಸುವಷ್ಟರಲ್ಲಿ ನಾನು ಇಳಿಯಬೇಕಾದ ಸ್ಟೇಷನ್ ಬಂದುಬಿಟ್ಟಿರುತ್ತದೆ. ಹೆಣ್ಣು ನೋಡಲು ಹೋದಾಗಲೂ ಇದೇ ಕಥೆ. ಸುಜಾತಾ ನಾಚಿಕೊಂಡು ನಕ್ಕಳೆಂದು ನಮ್ಮ ಕಡೆಯವರೆಲ್ಲ ಖುಷಿಪಡುತ್ತಿದ್ದರೆ, ನಾನು ಅವಳ ಮೇಲಿನ ಸಾಲಿನಲ್ಲಿ ಒಂದು ಹಲ್ಲು ತುಸು ತಿರುಗಿರುವುದನ್ನು ಗಮನಿಸುತ್ತಿದ್ದೆ. ಇದನ್ನು ಅವಳಿಗೆ ಹೇಳಿದ್ದು ಮದುವೆಯಾಗಿ ಬಹಳ ಕಾಲದ ಮೇಲೆ, ಅದೂ ಅವಳ ಮೂಡು ಚೆನ್ನಾಗಿದ್ದ ದಿನ. ಆ ಮೂಡು ಅಲ್ಲಿಗೇ ಮುಗಿಯಿತು.

ಇಂಥವನನ್ನು ಭೂತಪ್ರೇತದ ಸಿನಿಮಾ ನೋಡಲು ಕೂರಿಸಿದರೆ ಏನಾಗುತ್ತದೆ, ನೀವೇ ಹೇಳಿ. ತೆರೆಯ ಮೇಲೆ ರಾಕ್ಷಸ ಬಾಯಿ ತೆರೆದಾಗ ಉಳಿದವರು ಕಣ್ಣು ಮುಚ್ಚಿಕೊಳ್ಳುತ್ತಾರೆ. ನಾನು ಮುಂದಕ್ಕೆ ಬಾಗುತ್ತೇನೆ.

ಸಿನಿಮಾ ತೋರಿಸುವವಳು ನನ್ನ ಮಗಳು ಶ್ರಾವಣಿ. ಇಲ್ಲೇ ಹುಟ್ಟಿದವಳು, ಈಗ ಹದಿನೇಳು. ಅವಳಿಗೆ ಕೊರಿಯಾದ ಭಯಾನಕ ಸಿನಿಮಾಗಳ ಹುಚ್ಚು, ಅದರಲ್ಲೂ ಮನುಷ್ಯ ಮೃಗವಾಗುವಂಥವು. ಹೆಣ್ಣಿನ ರೂಪದಲ್ಲಿ ಬರುವ ನರಿ, ಹೊಳೆಯಿಂದ ಎದ್ದು ಬರುವ ಹೆಸರಿಲ್ಲದ ಪ್ರಾಣಿ, ಎದುರು ಮನೆಯ ಸಂಭಾವಿತ ಮನುಷ್ಯನ ಬೆನ್ನ ಮೇಲೆ ಮೂಡುವ ತುಪ್ಪಳ, ಯಾವುದೂ ಆಗಬಹುದು. ಶನಿವಾರ ಮಧ್ಯಾಹ್ನ ಊಟವಾದ ಮೇಲೆ ನಮ್ಮ ಹಾಲಿನ ಪರದೆ ಎಳೆದು ಅವಳು ಒಂದು ಸಿನಿಮಾ ಹಾಕಿಕೊಂಡು ಕೂರುತ್ತಾಳೆ. ಪಕ್ಕದಲ್ಲಿ ಕಂಬಳಿ ಹೊದ್ದು ಅವಳ ಆಯಿ, ಅಂದರೆ ನನ್ನ ಅವ್ವ, ಕೂರುತ್ತಾಳೆ. ಅವ್ವ ಧಾರವಾಡದಿಂದ ಈ ಸಲ ಚಳಿಗಾಲದಲ್ಲಿ ಬಂದಿದ್ದಳು. ಹೊರಗೆ ಹೋಗುವಂತಿಲ್ಲ, ಟಿವಿಯ ಇಂಗ್ಲಿಷು ತಿಳಿಯುವುದಿಲ್ಲ. ಕೊರಿಯನ್ ಭಾಷೆಯಂತೂ ಅವಳಿಗೆ ತಿಳಿಯುವುದೇ ಇಲ್ಲ, ಆದರೆ ಅದು ಮೊಮ್ಮಗಳಿಗೂ ತಿಳಿಯುವುದಿಲ್ಲವಲ್ಲ! ಇಬ್ಬರೂ ಸಮಸಮ ಎಂಬುದು ಅವ್ವನಿಗೆ ಬಹಳ ಹಿಡಿಸಿತು.

ಕೆಳಗೆ ಇಂಗ್ಲಿಷಿನಲ್ಲಿ ಬರುವ ಮಾತುಗಳನ್ನು ಓದಿಕೊಂಡು ನೋಡುವ ನನಗಿಂತ ಅವ್ವನಿಗೇ ಕಥೆ ಬೇಗ ಹತ್ತುತ್ತಿತ್ತು. ಯಾರು ಹಿರಿಯ ಮಗ, ಯಾರು ಸೊಸೆ, ಯಾರ ಜೊತೆ ಯಾರಿಗೆ ಮಾತಿಲ್ಲ ಎಂಬುದನ್ನು ಅವರು ಊಟಕ್ಕೆ ಕೂತ ರೀತಿಯಲ್ಲೇ ಹೇಳಿಬಿಡುತ್ತಿದ್ದಳು. ಒಂದು ಸಿನಿಮಾ ನನಗೆ ಚೆನ್ನಾಗಿ ನೆನಪಿದೆ. ಅದರ ಹೆಸರಿಗೆ ನನ್ನ ನಾಲಿಗೆ ಹೊರಳುವುದಿಲ್ಲ, ಬಿಡಿ. ಬೆಟ್ಟದ ಊರೊಂದರ ಅಂಚೆಯವನು ದಿನದಿನಕ್ಕೆ ಕಾಡುಹಂದಿಯಾಗುತ್ತಾನೆ. ಮೊದಲು ಕಿವಿಯ ಹಿಂದೆ ಒರಟು ಕೂದಲು, ಆಮೇಲೆ ಉಗುರು, ಆಮೇಲೆ ಕೋರೆ. ಊರವರು ದೊಣ್ಣೆ ಹಿಡಿದು ಬಾಗಿಲ ಹೊರಗೆ ನಿಂತಿದ್ದಾರೆ. ಒಳಗೆ ಅವನ ತಾಯಿ ಬಟ್ಟಲಿಗೆ ಅನ್ನ ಬಡಿಸುತ್ತಿದ್ದಾಳೆ.

"ನೋಡವಾ ಕೂಸ, ಮಗ ಹಂದಿ ಆದ್ರೂ ಆಕಿ ತಾಟು ಹಚ್ಚೂದು ಬಿಟ್ಟಿಲ್ಲ" ಎಂದಳು ಅವ್ವ.

"ಐ ನೋ, ಆಯಿ! ಇಟ್ಸ್ ಸೋ ಸ್ಯಾಡ್" ಎಂದಳು ಶ್ರಾವಣಿ.

ಇದು ಇವರಿಬ್ಬರ ಮಾತುಕತೆಯ ರೀತಿ. ಒಬ್ಬಳದು ಧಾರವಾಡ, ಇನ್ನೊಬ್ಬಳದು ಹೇಸ್. ನಡುವೆ ನಾನು ಬಾಯಿ ಹಾಕುವುದು ಹಲ್ಲಿನ ವಿಷಯಕ್ಕೆ ಮಾತ್ರ. ಆ ದಿನವೂ ಹಾಕಿದೆ. "ಆ ಕೋರೆ ಪೂರ್ತಿ ತಪ್ಪು. ಹಂದಿಗೆ ಮೇಲಿನ ಕೋರೆಯೂ ಮೇಲಕ್ಕೇ ಬಾಗಿರ್ತೈತಿ, ಕೆಳಗಿನದರ ಜೋಡಿ ಉಜ್ಜಿ ಉಜ್ಜಿ ಹರಿತ ಆಗ್ತೈತಿ. ಇವನ ಬಾಯಿ ಮುಚ್ಚಾಕ ಬರೂದಿಲ್ಲ. ಬಾಯಿ ಮುಚ್ಚಾಕ ಬರದವ ಅನ್ನ ಹೆಂಗ ಅಗೀತಾನ?" ಎಂದೆ. ಅವ್ವ ನನ್ನನ್ನು ಸುಮ್ಮನಿರು ಎಂದು ಗದರಿದಳು. ಶ್ರಾವಣಿ ಸಿನಿಮಾ ನಿಲ್ಲಿಸಿ, "ಸೇ ದಟ್ ಅಗೇನ್" ಎಂದಳು. ನನ್ನ ಮಾತನ್ನು ಎರಡನೇ ಸಲ ಕೇಳುವವರು ನಮ್ಮ ಮನೆಯಲ್ಲಿ ಅಪರೂಪ. ಉತ್ಸಾಹ ಬಂದು ಕಾಗದದ ಮೇಲೆ ದವಡೆಯ ಚಿತ್ರ ಬರೆದೇ ತೋರಿಸಿದೆ. ನನ್ನ ಕಸುಬಿನ ಮೇಲೆ ಹುಡುಗಿಗೆ ಆಸಕ್ತಿ ಹುಟ್ಟಿತೆಂದು ಒಳಗೊಳಗೇ ಹಿಗ್ಗಿದೆ ಕೂಡ.

ಹಿಗ್ಗಿದ್ದಕ್ಕೆ ಕಾರಣವಿತ್ತು. ಅವಳು ಹಲ್ಲಿನ ಡಾಕ್ಟರಾಗಬೇಕು ಎಂಬುದು ನನ್ನ ಆಸೆ. ಓದಿನಲ್ಲಿ ಚುರುಕು, ಕೈ ಇನ್ನೂ ಚುರುಕು. ಆದರೆ ಅವಳಿಗೆ ಬೇಕಾದದ್ದು ಸಿನಿಮಾಕ್ಕೆ ಮೃಗಗಳನ್ನು ತಯಾರಿಸುವ ವಿದ್ಯೆ. ಮನುಷ್ಯನ ಮುಖಕ್ಕೆ ಚರ್ಮದಂಥ ತುಂಡುಗಳನ್ನು ಅಂಟಿಸಿ, ಬಣ್ಣ ಬಳಿದು, ಕೂದಲು ನೆಟ್ಟು ಅವನನ್ನು ಇನ್ನೇನೋ ಮಾಡುವುದು. ಇದಕ್ಕೆ ಮೂರು ವರ್ಷದ ಕೋರ್ಸು ಇದೆಯೆಂದು ಅವಳು ಹೇಳಿದಾಗ ನಾನು ನಂಬಿರಲಿಲ್ಲ. ಕಾಲೇಜಿನಿಂದ ಇಂಟರ್‌ವ್ಯೂಗೆ ಕರೆ ಬಂದ ಮೇಲೆ ನಂಬಲೇಬೇಕಾಯಿತು.

ನಾನು ಬೇಡ ಎನ್ನಲಿಲ್ಲ. "ನೋಡೋಣ" ಎಂದೆ. ನಮ್ಮ ಮನೆತನದಲ್ಲಿ ಗಂಡಸರು ನೋಡೋಣ ಎಂದರೆ ಆಗುವುದಿಲ್ಲ ಎಂದೇ ಅರ್ಥ. ನಾನು ಸೈಕಲ್ ಕೇಳಿದಾಗ ನನ್ನಪ್ಪ ಹೀಗೇ ಎಂದಿದ್ದ. ಅಣ್ಣ ಪುಣೆಯ ನಾಟಕ ಶಾಲೆಗೆ ಹೋಗುತ್ತೇನೆ ಎಂದಾಗಲೂ ಹೀಗೇ ಎಂದಿದ್ದ. ಅಣ್ಣ ಈಗ ಬೆಳಗಾವಿಯಲ್ಲಿ ವಿಮೆಯ ಆಫೀಸರ್. ಈ ಒಳಗಿನ ಅರ್ಥ ಲಂಡನ್ನಿನಲ್ಲಿ ಹುಟ್ಟಿದ ಹುಡುಗಿಗೆ ತಿಳಿಯಲಾರದು ಎಂದುಕೊಂಡಿದ್ದೆ. ತಿಳಿದಿತ್ತು. ಒಂದು ದಿನ ಡಿಶ್‌ವಾಷರಿನಿಂದ ತಾಟು ತೆಗೆದಿಡುತ್ತ ಅವಳು ಕನ್ನಡದಲ್ಲಿಯೇ ಹೇಳಿದಳು. ಅವಳು ಕನ್ನಡದಲ್ಲಿ ಮಾತಾಡಿದರೆ ವಿಷಯ ಗಂಭೀರ ಎಂದರ್ಥ.

"ಅಪ್ಪಾ, ನೀವು ನೋ ಅಂದ್ರ ನಾ ಡೆಂಟಿಸ್ಟ್ರಿ ಮಾಡ್ತೀನಿ. ಪ್ರಾಮಿಸ್. ಆದ್ರ ನೋಡೋಣ ಅನಬ್ಯಾಡ್ರಿ."

ಹೂಂ ಎಂದರೆ ನನ್ನ ಆಸೆ ಹೋಯಿತು, ಊಂಹೂಂ ಎಂದರೆ ಅವಳದು ಹೋಯಿತು. ನಾನು ಟೀ ಕುಡಿಯುತ್ತೀಯಾ ಎಂದು ಕೇಳಿದೆ.

ಮುಂದಿನ ಗುರುವಾರ ಇಂಟರ್‌ವ್ಯೂ. ಮನುಷ್ಯ ಮೃಗವಾಗುವುದನ್ನು ಹಂತಹಂತವಾಗಿ ಫೋಟೋ ತೆಗೆದುಕೊಂಡು ಹೋಗಬೇಕಿತ್ತು. ಮುಖ ಕೊಡಲು ಒಪ್ಪಿದ್ದ ಅವಳ ಗೆಳತಿಗೆ ಹಿಂದಿನ ವಾರ ಅಂಟು ತಾಗಿ ಕೆನ್ನೆಯ ತುಂಬ ಗುಳ್ಳೆ ಎದ್ದವು. ಫೋಟೋ ತೆಗೆಯಬೇಕಿದ್ದ ಭಾನುವಾರವೇ ಸುಜಾತಾಗೆ ಆಸ್ಪತ್ರೆಯ ಔಷಧ ವಿಭಾಗದಲ್ಲಿ ಡ್ಯೂಟಿ. ಉಳಿದದ್ದು ನನ್ನ ಮುಖ. ಒಪ್ಪಿಕೊಂಡೆ. ಮುಖ ಕೊಟ್ಟ ಮಾತ್ರಕ್ಕೆ ಮಾತು ಕೊಟ್ಟಂತಾಗುವುದಿಲ್ಲ ಎಂದು ನನಗೆ ನಾನೇ ಸಮಾಧಾನ ಹೇಳಿಕೊಂಡೆ. ಹಲ್ಲಿನ ಅಚ್ಚು ತೆಗೆಯಲು ನಾವು ಬಳಸುವ ಗುಲಾಬಿ ಪುಡಿ ಇದೆಯಲ್ಲ, ಅದನ್ನೇ ಬಕೆಟ್ಟಿನಲ್ಲಿ ಕಲಸಿ, ಮೊದಲು ನನ್ನ ಬಾಯಿಗೆ ತುರುಕಿ ಹಲ್ಲಿನದು, ಆಮೇಲೆ ಮುಖಕ್ಕೆಲ್ಲ ಬಳಿದು ಮುಖದ್ದು ಅಚ್ಚು ತೆಗೆದಳು, ಮೂಗಿನ ಹೊಳ್ಳೆ ಮಾತ್ರ ಬಿಟ್ಟು. ಇಷ್ಟು ವರ್ಷ ಜನರ ಬಾಯಿಗೆ ಅದನ್ನು ತುರುಕಿದವನು ನಾನು. ಅದಕ್ಕೊಂದು ಪುದೀನದ ರುಚಿಯಿದೆ, ಅದು ಇಷ್ಟು ಅಸಹ್ಯ ಎಂದು ತಿಳಿದದ್ದು ಅವತ್ತೇ.

ಹಾಗೆ ನೋಡಿದರೆ ನಾನು ಮೃಗವಾಗಿದ್ದು ಇದೇ ಮೊದಲಲ್ಲ. ಧಾರವಾಡದಲ್ಲಿ ನಾನು ಚಿಕ್ಕವನಿದ್ದಾಗ ಜ್ವರ ಬಂದು ಬಹಳ ದಿನ ಮಲಗಿದ್ದೆನಂತೆ. ಮೇಲೆದ್ದರೆ ಮೊಹರಮ್ಮಿಗೆ ಹುಲಿವೇಷ ಹಾಕಿಸುತ್ತೇನೆಂದು ಅವ್ವ ಹರಕೆ ಹೊತ್ತಳು. ನಮ್ಮ ಕಡೆ ಮೊಹರಮ್ಮಿನ ಹುಲಿಗೆ ಮನೆ ಯಾವುದು, ಮತ ಯಾವುದು ಎಂದು ಯಾರೂ ಕೇಳುತ್ತಿರಲಿಲ್ಲ. ಓಣಿಯ ಟೇಲರ್ ಪ್ರತಿ ವರ್ಷ ದೊಡ್ಡ ಹುಲಿಯಾಗುತ್ತಿದ್ದ, ಅವನ ಹಿಂದೆ ನಾವು ಮರಿಗಳು. ಮೈಗೆಲ್ಲ ಹಳದಿ ವಾರ್ನಿಷ್ ಬಳಿದರು. ಒಣಗಿದಂತೆ ಚರ್ಮ ಬಿಗಿಯುತ್ತ ಹೋಯಿತು. ಕೈ ಮಡಚಲು ಹೋದರೆ ರೋಮವೆಲ್ಲ ಕಿತ್ತು ಬರುವಂಥ ಉರಿ. ಹಲಗಿಯ ಸದ್ದಿಗೆ ಉಳಿದ ಮರಿಗಳು ಕುಣಿದವು. ಈ ಹುಲಿ ಅವ್ವನ ಸೆರಗು ಹಿಡಿದುಕೊಂಡು ಅತ್ತಿತು. ಸಂಜೆ ಸೀಮೆಎಣ್ಣೆ ಹಚ್ಚಿ ತಿಕ್ಕಿ ತೊಳೆದಾಗ ಮತ್ತೊಮ್ಮೆ ಅತ್ತಿತು. ಮರುದಿನ ಟೇಲರ್ ನನ್ನ ಶಾಲೆಯ ಚಡ್ಡಿಗೆ ಅಳತೆ ತೆಗೆಯಲು ಬಂದಾಗ ಅವನ ಕಿವಿಯ ಹಿಂದೆ ಇನ್ನೂ ಹಳದಿ ಇತ್ತು. ಆ ಹಳದಿ ಕಂಡು ನಾನು ಅಳತೆ ಕೊಡದೆ ಓಡಿಹೋದೆ. ಆ ವರ್ಷದ ಚಡ್ಡಿ ಅದಕ್ಕೇ ಸಡಿಲವಿತ್ತು.

ಭಾನುವಾರ ಬೆಳಗಿನ ಉಪ್ಪಿಟ್ಟು ಮುಗಿಸಿ ಅಡುಗೆಮನೆಯ ಕಿಟಕಿಯ ಪಕ್ಕ ಕುರ್ಚಿಯ ಮೇಲೆ ಕೂತೆ. ಶ್ರಾವಣಿ ಕೂದಲು ಬಿಗಿದು ಕಟ್ಟಿ, ಕೈಗೆ ಗ್ಲೌಸ್ ಹಾಕಿಕೊಂಡು, ಸಾಮಾನನ್ನೆಲ್ಲ ಬಲಗಡೆ ಸಾಲಾಗಿ ಜೋಡಿಸಿದಳು. "ಟೆಲ್ ಮಿ ಇಫ್ ಇಟ್ ಹರ್ಟ್ಸ್" ಎಂದಳು. ಅದು ನಾನು ದಿನವೂ ಆಡುವ ಮಾತು. ನನ್ನ ರೋಗಿಗಳಂತೆ ನಾನೂ ತಲೆಯಾಡಿಸಿದೆ, ಅವರಂತೆಯೇ ನಂಬಲಿಲ್ಲ.

ಮೊದಲು ಕೋರೆಗಳನ್ನು ಹಾಕಿದಳು. ಅಕ್ರಿಲಿಕ್‌ನಲ್ಲಿ ತಾನೇ ಮಾಡಿದ್ದು. ಬುಡದಲ್ಲಿ ಹಳದಿ, ನಡುವೆ ಕೂದಲೆಳೆಯಂಥ ಕಂದು ಗೆರೆಗಳು. ಮೇಲಿನವೂ ಮೇಲಕ್ಕೇ ಬಾಗಿದ್ದವು. "ಬೈಟ್" ಎಂದಳು. ಕಚ್ಚಿದೆ. ಮೇಲಿನ ಕೋರೆ ಕೆಳಗಿನದರ ಪಕ್ಕೆಗೆ ಬಂದು ಸರಿಯಾಗಿ ಕೂತಿತು. ಎಲ್ಲೂ ಎತ್ತಿಲ್ಲ, ಎಲ್ಲೂ ತಾಗಿಲ್ಲ. ಉಜ್ಜಿದ ಕಡೆ ಸಣ್ಣ ಚಪ್ಪಟೆ ಸವೆತವನ್ನು ಕೂಡ ಕೊರೆದಿದ್ದಳು. ನನ್ನ ಬಾಯಿ ಪೂರ್ತಿ ಮುಚ್ಚಿತು. ಲ್ಯಾಬಿನಿಂದ ಬರುವ ಹಲ್ಲಿನ ಸೆಟ್ಟನ್ನು ನಾನು ಒಮ್ಮೆಯಾದರೂ ಉಜ್ಜದೆ ಯಾರಿಗೂ ಕೂರಿಸಿದವನಲ್ಲ. ಇದನ್ನು ಉಜ್ಜಬೇಕಾದ ಜಾಗ ನಾಲಿಗೆಗೆ ಎಷ್ಟು ಹುಡುಕಿದರೂ ಸಿಗಲಿಲ್ಲ.

ಇದನ್ನು ಹೇಳಬೇಕೆಂದರೆ ಮಾತು ಹೊರಡದು. ಬಾಯಿ ತುಂಬ ಹಂದಿಯ ಕೋರೆ. ತಿಂಗಳುಗಟ್ಟಲೆ ಒಂದಲ್ಲ ಒಂದು ನೆಪ ಹೇಳಿ ಜಾರಿಕೊಂಡವನಿಗೆ ಬಾಯಿ ಕಟ್ಟಿತು. ಆಗ ಅವಳು ಮಾತಾಡಲು ಶುರು ಮಾಡಿದಳು. ಬಾಯಿ ತೆರೆದು ಕೂತವರಿಗೆ ಹವಾಮಾನದಿಂದ ಹಿಡಿದು ನನ್ನ ತೋಟದ ಟೊಮ್ಯಾಟೊವರೆಗೆ ಎಲ್ಲ ಹೇಳುವವನು ನಾನು, ಈ ಉಪಾಯ ಅವಳು ಯಾರಿಂದ ಕಲಿತಳೆಂದು ಕೇಳಬೇಕಾಗಿಲ್ಲ. ಇಂಗ್ಲಿಷು, ಕನ್ನಡ ಎರಡನ್ನೂ ಬೆರೆಸಿ, ಹಣೆಗೆ ತುಂಡು ಅಂಟಿಸುತ್ತ ಹೇಳಿದಳು. ಈ ಕೆಲಸ ಸಿಗುವುದು ಕಷ್ಟ ಎಂದು ಗೊತ್ತಿದೆ. ಡೆಂಟಿಸ್ಟ್ ಆದರೂ ತಾನು ಚೆನ್ನಾಗಿಯೇ ಮಾಡುತ್ತೇನೆ ಎಂದೂ ಗೊತ್ತಿದೆ. "ಬಟ್ ಅಪ್ಪಾ, ನಾ ಒಂದು ಮುಖ ನೋಡಿದ್ರ ಅದು ಇನ್ನೇನು ಆಗಬಹುದು ಅಂತ ಕಾಣ್ತೈತಿ. ಆಲ್ವೇಸ್. ಬಸ್ಸಿನಾಗೂ." ಆಮೇಲೆ ಹಣೆಯ ತುಂಡಿನ ಅಂಚು ಒತ್ತುತ್ತ, "ನೀವು ಟ್ರೇನಿನಾಗ ಎಲ್ಲಾರ ಹಲ್ಲು ನೋಡ್ತೀರಲ್ಲ, ಹಂಗ" ಎಂದಳು.

ಅವಳ ಮುಖ ನನ್ನ ಮುಖಕ್ಕೆ ಗೇಣಿನ ದೂರದಲ್ಲಿತ್ತು. ತುಟಿ ಕಚ್ಚಿಕೊಂಡು, ಉಸಿರು ಬಿಗಿಹಿಡಿದು, ನನ್ನ ಹುಬ್ಬಿನ ಮೇಲೆ ಒಂದೊಂದೇ ಒರಟು ಕೂದಲು ನೆಡುತ್ತಿದ್ದಳು. ಅವಳು ಹುಟ್ಟಿದ ಮೇಲೆ ಇಷ್ಟು ಹೊತ್ತು ಅವಳನ್ನು ಇಷ್ಟು ಹತ್ತಿರದಿಂದ ನೋಡಿದ್ದೆನೋ ಇಲ್ಲವೋ. ಅವಳ ಕೈ ಒಮ್ಮೆಯೂ ನಡುಗಲಿಲ್ಲ. ನನಗೆ ಹೆಮ್ಮೆಯಾಯಿತು, ದುಃಖವೂ ಆಯಿತು. ಇಂಥ ಕೈ ನನ್ನ ಕ್ಲಿನಿಕ್ಕಿಗೆ ಬರುವುದಿಲ್ಲವಲ್ಲ ಎಂಬ ದುಃಖ ಅದು. ಸುಳ್ಳೇಕೆ ಹೇಳಲಿ?

ಅವ್ವ ಮಾತ್ರ ಬೆಳಗಿನಿಂದ ಅಡುಗೆಮನೆಯ ಬಾಗಿಲಲ್ಲಿ ಸ್ಟೂಲು ಹಾಕಿಕೊಂಡು ಕಣ್ಣು ಕೀಳದೆ ನೋಡುತ್ತ ಕೂತಿದ್ದಳು. ಆ ನೋಟ ನನಗೆ ಇರಿಸುಮುರಿಸು. ಮೊಮ್ಮಗಳು ಡಾಕ್ಟರಾಗಲಿ ಎಂಬ ಆಸೆ ಅವಳಿಗೂ ಇತ್ತು, ಧಾರವಾಡದಲ್ಲಿ ಅರ್ಧ ಓಣಿಗೆ ಹೇಳಿಯೂ ಬಂದಿದ್ದಳು.

ಕೆಲಸ ಮುಗಿದಾಗ ಶ್ರಾವಣಿ ಕನ್ನಡಿ ಹಿಡಿದಳು. ಕನ್ನಡಿಯಲ್ಲಿದ್ದದ್ದು ಹಂದಿ. ಆದರೆ ಯಾರೋ ನಮ್ಮ ಮನೆತನದ ಹಂದಿ. ನನ್ನ ಅಪ್ಪನ ಹಣೆಯ ಗಂಟು ಹಾಗೇ ಇತ್ತು, ಕಣ್ಣು ನನ್ನವೇ. ಹೆದರಿಕೆಯಾಗುವುದಕ್ಕಿಂತ ಅದಕ್ಕೆ ಯಾರಾದರೂ ಒಂದು ತಾಟು ಹಚ್ಚಿ ಕೊಡಬಾರದೇ ಎನಿಸುವಂತಿತ್ತು. ಹಿತ್ತಲಿನ ಬೇಲಿಯ ಮುಂದೆ ನಿಲ್ಲಿಸಿ ಫೋಟೋ ತೆಗೆದಳು.

ನಾವು ಒಳಗೆ ಬರುವಷ್ಟರಲ್ಲಿ ಅವ್ವ ಒಂದು ಕೈಯಲ್ಲಿ ಉಪ್ಪು, ಸಾಸಿವೆ, ಬ್ಯಾಡಗಿ ಮೆಣಸಿನಕಾಯಿ ಹಿಡಿದು ನಿಂತಿದ್ದಳು. ಒಲೆಯ ಮೇಲೆ ಖಾಲಿ ತವೆ ಕಾಯುತ್ತಿತ್ತು. ದೃಷ್ಟಿ ತೆಗೆಯುವ ತಯಾರಿ. ಪಾಪ, ಮಗನ ಮುಖ ಹೀಗಾದದ್ದನ್ನು ಅವಳ ಕರುಳು ಸಹಿಸಲಿಲ್ಲ ಎಂದುಕೊಂಡು, ವಿಧೇಯನಾಗಿ ಹೋಗಿ ಅವಳ ಮುಂದೆ ತಲೆ ಬಗ್ಗಿಸಿ ನಿಂತೆ.

"ನೀ ಯಾಕ ಬಂದಿ? ಸರಿ ಆಕಡೆ" ಎಂದಳು ಅವ್ವ. "ನಿನಗೇನ್ ಆಗೇತಿ, ಧಾಡಿ? ನನ್ನ ಕೂಸಿನ ಕೈಗೆ ತೆಗೀಬೇಕು. ಏನ್ ಕೈ ಅವು! ಕೂಸ, ಬಾರವಾ ಇಲ್ಲಿ, ಎರಡೂ ಕೈ ಚಾಚು."

ಶ್ರಾವಣಿ ಬಣ್ಣ ಮೆತ್ತಿದ ಕೈಗಳನ್ನು ಚಾಚಿ ನಿಂತಳು. ಅವ್ವ ನಿವಾಳಿಸುತ್ತ ಒಬ್ಬೊಬ್ಬರ ಕಣ್ಣನ್ನೂ ಕರೆದಳು. ಓಣಿಯವರ ಕಣ್ಣು, ಸಾಲಿಯವರ ಕಣ್ಣು, ಗೆಳತಿಯರ ಕಣ್ಣು, ತನ್ನ ಕಣ್ಣು, ಹಡೆದ ತಾಯಿ ಕಣ್ಣು, ಹಡೆದಪ್ಪನ ಕಣ್ಣು. ಆಮೇಲೆ ಕೈಯಲ್ಲಿದ್ದದ್ದನ್ನೆಲ್ಲ ತವೆಗೆ ಸುರಿದಳು. ದೃಷ್ಟಿ ತಗುಲಿದ್ದರೆ ಮೆಣಸಿನಕಾಯಿ ಸುಟ್ಟು ಕರಕಾದರೂ ಘಾಟು ಏಳುವುದಿಲ್ಲ, ಘಾಟು ಎದ್ದರೆ ಯಾರ ಕಣ್ಣೂ ಬಿದ್ದಿಲ್ಲ. ಇದು ನಮ್ಮ ಕಡೆಯ ಪರೀಕ್ಷೆ, ಘಾಟು ಎಬ್ಬಿಸಿ ಫೇಲಾದವರನ್ನು ನಾನು ಕಂಡಿಲ್ಲ.

ಎದ್ದಿತು ಘಾಟು. ಮೊದಲು ಅವ್ವ ಕೆಮ್ಮಿದಳು, ಆಮೇಲೆ ಶ್ರಾವಣಿ, ಆಮೇಲೆ ಹಂದಿ. ಹಾಲಿನಲ್ಲಿ ಸ್ಮೋಕ್ ಅಲಾರ್ಮ್ ಕಿರುಚಿಕೊಂಡಿತು, ಅದರ ಬೆನ್ನಿಗೆ ಮಹಡಿಯದೂ ಸೇರಿಕೊಂಡಿತು. ಒಲೆ ಆರಿಸಿ, ಕಣ್ಣೀರು ಸುರಿಸುತ್ತ ಮೂವರೂ ಮುಂಬಾಗಿಲಿನಿಂದ ಬೀದಿಗೆ ಬಂದೆವು. ಎದುರು ಮನೆಯವರು ಕಾರು ತೊಳೆಯುವುದನ್ನು ಬಿಟ್ಟು ಪೈಪು ಹಿಡಿದೇ ನಿಂತರು. ಪಕ್ಕದ ಮನೆಯ ಗುರ್ಮೀತ್ ಆಂಟಿ ಬಾಗಿಲು ತೆರೆದವರು ಅರ್ಧ ಮುಚ್ಚಿ, ಸಂದಿಯಿಂದ ನೋಡಿದರು.

"ಡಾಕ್ಟರ್ ಸಾಬ್? ಇಸ್ ದಟ್ ಯೂ?"

ಹೌದೆಂದು ಕೈ ಎತ್ತಿದೆ. ಕೈ ಮಾತ್ರ ಡಾಕ್ಟರರದು.

"ಓ ಮೈ ಗಾಡ್. ಯಾರು ಮಾಡಿದ್ದು?" ಎಂದು ಅವರು ಇಂಗ್ಲಿಷಿನಲ್ಲಿ ಕೇಳಿದರು. ಶ್ರಾವಣಿ ತನ್ನ ಕಡೆ ಬೆರಳು ತೋರಿಸಿಕೊಂಡು ನನ್ನನ್ನು ನೋಡಿದಳು. ಬಾಗಿಲಿನಿಂದ ಹೊಗೆ ಇನ್ನೂ ಬರುತ್ತಿತ್ತು.

ಅವ್ವನ ಮುಖದಲ್ಲಿ ಗೆಲುವಿರಲಿಲ್ಲ. ಸೆರಗಿನಿಂದ ಕಣ್ಣೊರೆಸಿಕೊಂಡು ನನ್ನ ಕಡೆ ತಿರುಗಿದಳು.

"ಇಷ್ಟ ಘಾಟು ಎದ್ದಿತಂದ್ರ ಯಾರ ಕಣ್ಣೂ ಬಿದ್ದಿಲ್ಲ. ಊರವರದು ಬೀಳದಿದ್ರ ಛಲೋನ ಆತು ಬಿಡು. ನೀನರ ನೋಡಬೇಕೋ ಬ್ಯಾಡೋ? ಹುಡಿಗಿ ಇಷ್ಟ ಚಂದ ಮಾಡ್ಯಾಳ, ಹಡೆದಪ್ಪನ ಕಣ್ಣರ ಬೀಳಬಾರದೇನೋ?"

ಅಲಾರ್ಮ್ ತಾನಾಗಿ ನಿಂತಿತು. ಬೀದಿಯಲ್ಲಿ ನಾಲ್ಕು ಜನರೆದುರು, ಕೋರೆಗಳನ್ನು ಕಿತ್ತು ಕೈಯಲ್ಲಿ ಹಿಡಿದುಕೊಂಡೆ.

"ಬಿದ್ದೈತಿ ಅವ್ವಾ. ಮುಂಜಾನಿಂದ ಬಿದ್ದೈತಿ."

ಶ್ರಾವಣಿಗೆ ಅರ್ಥವಾಯಿತೋ ಇಲ್ಲವೋ ತಿಳಿಯಲಿಲ್ಲ. "ಗುರುವಾರ ನಾ ಕ್ಲಿನಿಕ್ಕಿಗೆ ಹೋಗೂದಿಲ್ಲ, ಇಂಟರ್‌ವ್ಯೂಗೆ ಇಬ್ಬರೂ ಕೂಡಿ ಹೋಗೂಣು" ಎಂದೆ. ಅದು ಅರ್ಥವಾಯಿತು. ತಾನೇ ಇಷ್ಟು ಹೊತ್ತು ಅಂಟಿಸಿದ ಮುಖ ಎಂಬುದನ್ನೂ ಮರೆತು ಹಂದಿಯ ಕೆನ್ನೆಗೆ ಕೆನ್ನೆ ಒತ್ತಿ ನನ್ನನ್ನು ಅಪ್ಪಿಕೊಂಡಳು. ಕಿವಿಯ ಹತ್ತಿರ ಏನೋ ಕಿತ್ತುಬಂತು.

"ಮುಂಜಾನಿಂದ ಬಿದ್ದೈತಂತ" ಎಂದು ಗೊಣಗುತ್ತ, ಅವ್ವ ಇನ್ನೊಂದು ಹಿಡಿ ಮೆಣಸಿನಕಾಯಿ ತರಲು ಒಳಗೆ ಹೋದಳು.